ಸ್ಕೂಟರ್ ಹ್ಯಾಂಡಲ್ ಟಕ್ ಟಕ್ ಅನ್ನುತ್ತಿದೆಯಾ? ಕೋನ್ ಸೆಟ್ ಮನೆಯಲ್ಲೇ ಬದಲಾಯಿಸಿ, ಹೊಂದಿಸುವುದು ಹೀಗೆ

ಹಂಪ್ಸ್ ಇಳಿಯುವಾಗ ಮುಂದೆ ಎಲ್ಲೋ ಟಕ್ ಅನ್ನುತ್ತದೆ. ಮುಂದಿನ ಬ್ರೇಕ್ ಹಿಡಿದರೆ ಹ್ಯಾಂಡಲ್ ನಡುಗುತ್ತದೆ. ನೇರ ರಸ್ತೆಯಲ್ಲೂ ಗಾಡಿ ಆ ಕಡೆ ಈ ಕಡೆ ಎಳೆಯುತ್ತದೆ, ತಿದ್ದುತ್ತಲೇ ಇರಬೇಕು. ಈ ಮೂರು ಪ್ರಶ್ನೆಗಳನ್ನು ಓದುಗರು ಕೇಳುತ್ತಲೇ ಇರುತ್ತೀರಿ. ಇವುಗಳ ಹಿಂದೆಯೇ ನಾಲ್ಕನೆಯದೂ ಬರುತ್ತದೆ: ಹೊಸ ಕೋನ್ ಸೆಟ್ ಹಾಕಿಸಿ ಎರಡು ತಿಂಗಳೂ ಆಗಿಲ್ಲ, ಮತ್ತೆ ಅದೇ ಸದ್ದು, ಯಾಕೆ?

ಈ ಲೇಖನ ಹೆಚ್ಚಾಗಿ ಆ ನಾಲ್ಕನೆಯ ಪ್ರಶ್ನೆಗೇ ಉತ್ತರ. ಹೊಸ ಕೋನ್ ಸೆಟ್ ಬೇಗ ಹೋಗುವುದು ಸಾಮಾನ್ಯವಾಗಿ ಅದು ಕಳಪೆ ಅಂತಲ್ಲ, ಬಿಗಿ ಮಾಡಿದ್ದು ಸರಿ ಇರಲಿಲ್ಲ ಅಂತ. ಬಿಚ್ಚುವುದು, ಬಡಿಯುವುದು, ಹಾಕುವುದು ಬರೀ ಕೈಬಲದ ಕೆಲಸ. ಕೊನೆಯ ಇಪ್ಪತ್ತು ನಿಮಿಷದಲ್ಲಿ ಬಿಗಿಯನ್ನು ಹದಕ್ಕೆ ತರುತ್ತೀರಲ್ಲ, ಸೆಟ್ ಎಷ್ಟು ದಿನ ಬಾಳುತ್ತದೆ ಅನ್ನುವುದು ಅಲ್ಲೇ ನಿರ್ಧಾರ ಆಗುತ್ತದೆ. ಹಾಗಾಗಿ ಆ ಹಂತವನ್ನು ಉದ್ದವಾಗಿ ಬರೆದಿದ್ದೇನೆ, ಬೇಸರ ಮಾಡಿಕೊಳ್ಳದೆ ಓದಿ.

ಕೋನ್ ಸೆಟ್ ಅಂದರೆ ಏನು?

ಸ್ಕೂಟರ್ ಚಾಸಿಯ ಮುಂದೆ, ಹ್ಯಾಂಡಲ್ ಕೆಳಗೆ, ಒಂದು ದಪ್ಪ ಕೊಳವೆ ಇರುತ್ತದೆ. ಇದು ಹೆಡ್ ಪೈಪ್. ಮುಂದಿನ ಚಕ್ರವನ್ನು ಹಿಡಿದಿರುವ ಭಾಗ ಫೋರ್ಕ್, ಅದರ ಉದ್ದನೆಯ ಪೈಪು ಕೆಳಗಿನಿಂದ ಇದರೊಳಗೆ ತೂರಿ ಮೇಲೆ ಬರುತ್ತದೆ, ಅದರ ತುದಿಗೆ ಹ್ಯಾಂಡಲ್. ಹ್ಯಾಂಡಲ್ ತಿರುಗಿಸಿದಾಗ ಫೋರ್ಕ್ ನುಣ್ಣಗೆ ತಿರುಗಬೇಕು, ಆದರೆ ಅಲುಗಾಡಬಾರದು. ಅದಕ್ಕಾಗಿ ಹೆಡ್ ಪೈಪಿನ ಮೇಲೊಂದು ಕೆಳಗೊಂದು ಬೇರಿಂಗ್ ಇರುತ್ತದೆ. ಇವೆರಡೂ ಸೇರಿ ಕೋನ್ ಸೆಟ್. ಕೆಲವು ಅಂಗಡಿಗಳಲ್ಲಿ ಬಾಲ್ ರೇಸ್ ಕಿಟ್ ಅಂತ ಕೇಳಿದರೂ ಇದನ್ನೇ ಕೊಡುತ್ತಾರೆ.

ಒಂದೊಂದು ಬೇರಿಂಗಿನಲ್ಲೂ ಮೂರು ಭಾಗ. ಹೆಡ್ ಪೈಪಿಗೆ ಬಡಿದು ಕೂರಿಸಿರುವ ಬಟ್ಟಲಿನಂಥದ್ದು ಕಪ್. ಅದರ ಎದುರು ಕೂರುವುದು ಕೋನ್. ನಡುವೆ ಉಕ್ಕಿನ ಗುಂಡುಗಳು. ಕೆಳಗಿನ ಕೋನ್ ಫೋರ್ಕ್ ಪೈಪಿನ ಬುಡಕ್ಕೆ ಬಿಗಿಯಾಗಿ ಕೂತಿರುತ್ತದೆ. ಮೇಲಿನ ಕೋನ್‌ಗೆ ಒಳಗೆ ಥ್ರೆಡ್ ಇರುತ್ತದೆ, ಅದು ನಟ್‌ನಂತೆ ತಿರುಗುತ್ತದೆ, ಅದನ್ನು ತಿರುಗಿಸಿಯೇ ಬಿಗಿ ಹೊಂದಿಸುವುದು. ಅದರ ಮೇಲೆ ಅದು ಸಡಿಲವಾಗದಂತೆ ಇನ್ನೊಂದು ನಟ್, ಅದೇ ಚೆಕ್ ನಟ್.

ಇದು ಹಾಳಾಗುವುದು ಯಾಕೆ ಅಂದರೆ, ಗಾಡಿ ಓಡುವಾಗ ಮುಂದಿನ ಚಕ್ರ ಹೆಚ್ಚು ಹೊತ್ತು ನೇರಕ್ಕೇ ಇರುತ್ತದೆ. ಅಂದರೆ ಗುಂಡುಗಳು ಯಾವಾಗಲೂ ಒಂದೇ ಜಾಗದಲ್ಲಿ ನಿಂತಿರುತ್ತವೆ. ಒಂದೊಂದು ಗುಂಡಿ, ಒಂದೊಂದು ಹಂಪ್ಸ್ ಕೊಡುವ ಏಟು ಅದೇ ಜಾಗಕ್ಕೆ ಬೀಳುತ್ತದೆ. ನಿಧಾನಕ್ಕೆ ಆ ಜಾಗದಲ್ಲಿ ಸಣ್ಣ ಸಣ್ಣ ಕುಳಿ ಬೀಳುತ್ತವೆ. ಆಮೇಲೆ ಹ್ಯಾಂಡಲ್ ನೇರಕ್ಕೆ ಬಂದಾಗ ಗುಂಡುಗಳು ಆ ಕುಳಿಗೆ ಗಟಕ್ಕನೆ ಇಳಿಯುತ್ತವೆ. ಏಟಿನ ಹೆಚ್ಚಿನ ಪಾಲು ತಿನ್ನುವುದು ಕೆಳಗಿನ ಬೇರಿಂಗ್, ಸಾಮಾನ್ಯವಾಗಿ ಅದೇ ಮೊದಲು ಹೋಗುತ್ತದೆ. ಮಲೆನಾಡು, ಕರಾವಳಿ ಕಡೆಯಾದರೆ ಇದರ ಜೊತೆಗೆ ಮಳೆನೀರು, ತುಕ್ಕು.

ಮೊದಲು ಖಚಿತ ಮಾಡಿಕೊಳ್ಳಿ

ಎಲ್ಲ ಟಕ್ ಸದ್ದೂ ಕೋನ್ ಸೆಟ್‌ನದ್ದಲ್ಲ. ಸುಮ್ನೆ ಅನುಮಾನದ ಮೇಲೆ ಅರ್ಧ ದಿನ ಕಳೆಯಬೇಡಿ.

ಟೈರ್ ಗಾಳಿ ಮೊದಲು ನೋಡಿ. ಮುಂದಿನ ಗಾಳಿ ಕಡಿಮೆ ಇದ್ದರೂ, ಟೈರ್ ಒಂದೇ ಕಡೆ ಸವೆದಿದ್ದರೂ ಗಾಡಿ ಎಳೆಯುತ್ತದೆ.

ನಂತರ ಗಾಡಿಯನ್ನು ಮೇನ್ ಸ್ಟ್ಯಾಂಡ್ ಹಾಕಿ ಹಿಂದಿನ ಸೀಟಿನ ತುದಿಯಲ್ಲಿ ಯಾರನ್ನಾದರೂ ಕೂರಿಸಿ. ಮುಂದಿನ ಚಕ್ರ ನೆಲ ಬಿಡುತ್ತದೆ. ಈಗ ಎರಡು ಬೆರಳಲ್ಲಿ ಹ್ಯಾಂಡಲ್ ಹಿಡಿದು ತುಂಬಾ ನಿಧಾನವಾಗಿ ಎಡದಿಂದ ಬಲಕ್ಕೆ ತಿರುಗಿಸಿ. ನಡುವೆ ಬಂದಾಗ ಎಲ್ಲಾದರೂ ಕಚ್ಚಿಕೊಂಡ ಹಾಗೆ, ಹಳ್ಳಕ್ಕೆ ಬಿದ್ದ ಹಾಗೆ ಆದರೆ ಕುಳಿ ಬಿದ್ದಿದೆ ಅಂತಲೇ ಅರ್ಥ. ಇದನ್ನು ಬಿಗಿ ಮಾಡಿ ಸರಿಪಡಿಸಲು ಆಗುವುದಿಲ್ಲ, ಹೊಸದೇ ಬೇಕು.

ಆಮೇಲೆ ಮುಂದೆ ಕೂತು ಫೋರ್ಕ್‌ನ ಕೆಳತುದಿಯನ್ನು ಎರಡೂ ಕೈಯಲ್ಲಿ ಹಿಡಿದು ನಿಮ್ಮ ಕಡೆ ಎಳೆಯಿರಿ, ಹಿಂದಕ್ಕೆ ತಳ್ಳಿ. ಇನ್ನೊಬ್ಬರು ಹೆಡ್ ಪೈಪ್ ಮತ್ತು ಫೋರ್ಕ್ ಸೇರುವ ಸಂದಿಯ ಮೇಲೆ ಬೆರಳಿಟ್ಟಿರಲಿ. ಅಲ್ಲಿ ಅಲುಗಾಟ ತಿಳಿದರೆ ಕೋನ್ ಸೆಟ್ ಸಡಿಲ. ಅಲ್ಲಿ ಏನೂ ಇಲ್ಲ, ಆದರೆ ಚಕ್ರವನ್ನು ಅಡ್ಡಕ್ಕೆ ಹಿಡಿದು ಅಲುಗಿಸಿದರೆ ಆಡುತ್ತದೆ ಅಂದರೆ ಅದು ಚಕ್ರದ ಬೇರಿಂಗ್.

ಇಲ್ಲಿ ಗಾಡಿಯ ಮಾದರಿಯೂ ಮುಖ್ಯ. 125 ಸಿಸಿ ಮಾದರಿ ಬಿಟ್ಟರೆ, ಆ್ಯಕ್ಟಿವಾ 2001ರಲ್ಲಿ ಬಂದಾಗಿನಿಂದ 5ಜಿ ತನಕ ಮುಂದೆ ಬಾಟಮ್ ಲಿಂಕ್ ಸಸ್ಪೆನ್ಷನ್ ಇಟ್ಟುಕೊಂಡಿತ್ತು. ಅಂದರೆ ಚಕ್ರದ ಪಕ್ಕ ಸಣ್ಣ ತೋಳೊಂದು ಮೇಲೆ ಕೆಳಗೆ ಆಡುತ್ತದೆ. ಆ ತೋಳಿನ ಬುಷ್, ಅಂದರೆ ಕೀಲಿನೊಳಗಿನ ಬಳೆ, ಸವೆದರೂ ಥೇಟ್ ಕೋನ್ ಸೆಟ್‌ನಂತೆಯೇ ಸದ್ದು ಬರುತ್ತದೆ. 2020ರ 6ಜಿಯಿಂದ ಟೆಲಿಸ್ಕೋಪಿಕ್ ಫೋರ್ಕ್, ಅಂದರೆ ಕೊಳವೆಯೊಳಗೆ ಕೊಳವೆ ಜಾರುವ ಫೋರ್ಕ್, ಬಂತು. ಆ್ಯಕ್ಸೆಸ್ 125, ಜುಪಿಟರ್ ಗಾಡಿಗಳಲ್ಲೂ ಟೆಲಿಸ್ಕೋಪಿಕ್ಕೇ. ಇವುಗಳಲ್ಲಿ ಫೋರ್ಕ್ ಒಳಗಿನ ಬುಷ್ ಸವೆದಿದ್ದರೆ ಅದೂ ಮೋಸ ಮಾಡುತ್ತದೆ. ಅದಕ್ಕೇ ಸಂದಿಯ ಮೇಲೆ ಬೆರಳಿಟ್ಟು ನೋಡಿ ಅಂದಿದ್ದು.

ಒಂದು ಒಳ್ಳೆಯ ಸುದ್ದಿ: ನಡುವೆ ಕಚ್ಚಿಕೊಳ್ಳುತ್ತಿಲ್ಲ, ಬರೀ ಅಲುಗಾಟ ಇದೆ ಅಂದರೆ ಹೊಸದು ಹಾಕುವ ಅಗತ್ಯ ಇಲ್ಲದೆ ಇರಬಹುದು. ಹ್ಯಾಂಡಲ್ ತೆಗೆದು, ನೇರ 7ನೇ ಹಂತಕ್ಕೆ ಹೋಗಿ ಬಿಗಿ ಹೊಂದಿಸಿ ನೋಡಿ.

ಎಚ್ಚರಿಕೆ: ಕೈ ಬಿಟ್ಟು ಗಾಡಿ ಓಡಿಸಿ ಹ್ಯಾಂಡಲ್ ಅಲ್ಲಾಡುತ್ತದಾ ಅಂತ ಪರೀಕ್ಷೆ ಮಾಡಬೇಡಿ. ಎಷ್ಟೋ ಜನ ಮಾಡುತ್ತಾರೆ. ಕೋನ್ ಸೆಟ್ ಹೋಗಿರುವ ಗಾಡಿಯಲ್ಲಿ ಅದು ನೇರ ಆಸ್ಪತ್ರೆಯ ದಾರಿ.

ಬೇಕಾಗುವ ಸಾಮಾನು

ನಿಮ್ಮ ಗಾಡಿಯ ಮಾದರಿ, ವರ್ಷ ಹೇಳಿ ಪೂರ್ತಿ ಸೆಟ್ ತನ್ನಿ: ಎರಡು ಕಪ್, ಎರಡು ಕೋನ್, ಗುಂಡುಗಳು, ಕೆಳಗಿನ ಡಸ್ಟ್ ಸೀಲ್. ಡಸ್ಟ್ ಸೀಲ್ ಅಂದರೆ ಧೂಳು ನೀರು ಒಳಗೆ ಹೋಗದಂತೆ ತಡೆಯುವ ರಬ್ಬರ್ ಬಳೆ. ಕೆಲವು ಕಿಟ್‌ಗಳಲ್ಲಿ ಇದು ಇರುವುದಿಲ್ಲ, ಅಂಗಡಿಯಲ್ಲೇ ಪೊಟ್ಟಣ ಬಿಚ್ಚಿ ನೋಡಿಕೊಳ್ಳಿ. ಗುಂಡಿನ ಬದಲು ಉರುಳೆ ಇರುವ ಟೇಪರ್ ಬೇರಿಂಗ್ ಹಾಕಿ ಅಂತ ಯಾರಾದರೂ ಹೇಳಬಹುದು. ಅದು ಏಟನ್ನು ಚುಕ್ಕಿಯ ಬದಲು ಗೆರೆಯ ಉದ್ದಕ್ಕೂ ಹಂಚುತ್ತದೆ, ನಿಜಕ್ಕೂ ಗಟ್ಟಿ. ಆದರೆ ಅದರ ಎತ್ತರ ಬೇರೆ ಆದರೆ ಚೆಕ್ ನಟ್‌ಗೆ ಥ್ರೆಡ್ಡೇ ಸಿಗುವುದಿಲ್ಲ. ನಿಮ್ಮ ಮಾದರಿಗೆಂದೇ ಬಂದಿದ್ದರೆ ಮಾತ್ರ ತಗೊಳ್ಳಿ.

ಸಿ ಸ್ಪ್ಯಾನರ್ ಬೇಕೇ ಬೇಕು. ಕೊಕ್ಕೆಯಂತೆ ಬಾಗಿದ ಸ್ಪ್ಯಾನರ್ ಅದು, ಕಚ್ಚು ಇರುವ ದುಂಡು ನಟ್‌ಗಳಿಗೆ ಹಾಕುವುದು. ಕೆಲವು ನೂರು ರೂಪಾಯಿ ಅಷ್ಟೇ. ಉಳಿ ಇಟ್ಟು ಸುತ್ತಿಗೆಯಲ್ಲಿ ಬಡಿದು ನಟ್ ತಿರುಗಿಸುವುದನ್ನು ಗ್ಯಾರೇಜುಗಳಲ್ಲಿ ನೋಡಿರುತ್ತೀರಿ. ಬಿಚ್ಚುವಾಗ ಹೇಗೋ ನಡೆಯುತ್ತದೆ ಅಂದುಕೊಂಡರೂ, ಹದ ನೋಡಿ ಬಿಗಿ ಮಾಡುವಾಗ ಉಳಿಯ ಏಟಿಗೆ ಲೆಕ್ಕವೇ ಇರುವುದಿಲ್ಲ.

ಉಳಿದದ್ದು: ರಿಂಗ್ ಮತ್ತು ಸಾಕೆಟ್ ಸ್ಪ್ಯಾನರ್ ಸೆಟ್, ಸ್ಕ್ರೂಡ್ರೈವರ್, ಸುತ್ತಿಗೆ, ಹೆಡ್ ಪೈಪಿಗಿಂತ ಉದ್ದ ಇರುವ ಕಬ್ಬಿಣದ ರಾಡು, ಫೋರ್ಕ್ ಪೈಪಿನ ಮೇಲೆ ಸಲೀಸಾಗಿ ಇಳಿಯುವಷ್ಟು ದಪ್ಪದ ಜಿಐ ಪೈಪ್ ತುಂಡು, ಇಪಿ 2 ಲಿಥಿಯಂ ಗ್ರೀಸ್, ತೊಳೆಯಲು ಸೀಮೆಎಣ್ಣೆ ಅಥವಾ ಡೀಸೆಲ್, ಬನಿಯನ್ ವೇಸ್ಟ್, ಮಾರ್ಕರ್ ಪೆನ್, ಅಗಲವಾದ ತಟ್ಟೆ, ಮತ್ತು ಕಣ್ಣಿಗೆ ಕನ್ನಡಕ. ಬೇರಿಂಗ್ ಉಕ್ಕು ಗಡಸು, ಬಡಿಯುವಾಗ ಚೂರು ಸಿಡಿಯಬಹುದು. ಕನ್ನಡಕ ಬಿಡಬೇಡಿ.

ಮೊದಲ ಸಲ ಮಾಡುವವರಾದರೆ ಒಂದು ಪೂರ್ತಿ ಭಾನುವಾರ ಇಟ್ಟುಕೊಳ್ಳಿ. ವಾರಂಟಿಯಲ್ಲಿರುವ ಗಾಡಿ, ಎಲೆಕ್ಟ್ರಿಕ್ ಸ್ಕೂಟರ್, ಅಪಘಾತದಲ್ಲಿ ಮುಂದೆ ಗುದ್ದಿಸಿಕೊಂಡ ಗಾಡಿ, ಈ ಮೂರನ್ನು ಮನೆಯಲ್ಲಿ ಬಿಚ್ಚಬೇಡಿ ಅನ್ನುವುದು ನನ್ನ ಸಲಹೆ.

1. ಗಾಡಿ ನಿಲ್ಲಿಸುವುದು

ಗಟ್ಟಿ, ಸಮತಟ್ಟಾದ ನೆಲ. ಮೇನ್ ಸ್ಟ್ಯಾಂಡ್ ಹಾಕಿ. ಮುಂದೆ ಚಾಸಿಯ ಕಬ್ಬಿಣದ ಪೈಪಿನ ಕೆಳಗೆ ಮರದ ದಿಮ್ಮಿ ಅಥವಾ ಜಾಕ್ ಕೊಟ್ಟು ಚಕ್ರ ಎತ್ತಿ. ಪ್ಲಾಸ್ಟಿಕ್ ಫ್ಲೋರಿನ ಕೆಳಗೆ ಕೊಡಬೇಡಿ, ಒಡೆಯುತ್ತದೆ. ಹಿಂದೆ ಸೀಟಿನ ಮೇಲೆ ಅಕ್ಕಿ ಮೂಟೆಯಂಥ ಭಾರ ಇಡಿ. ಫೋರ್ಕ್ ಕೆಳಗಿನಿಂದ ಪೂರ್ತಿ ಹೊರಬರಬೇಕು, ಅಷ್ಟು ಎತ್ತರ ಸಿಗುವಂತೆ ನೋಡಿಕೊಳ್ಳಿ. ಒಮ್ಮೆ ಅಲುಗಿಸಿ ನೋಡಿ, ಗಾಡಿ ಮಿಸುಕಿದರೆ ಮುಂದಕ್ಕೆ ಹೋಗಬೇಡಿ. ಬ್ಯಾಟರಿಯ ನೆಗೆಟಿವ್ ವೈರ್ ತೆಗೆದಿಡಿ.

2. ಬಿಚ್ಚುವುದು

ಪ್ರತಿ ಭಾಗ ತೆಗೆಯುವ ಮುಂಚೆ ಫೋನಿನಲ್ಲಿ ಒಂದು ಫೋಟೊ. ಕೇಬಲ್ ಯಾವುದು ಯಾವುದರ ಮುಂದೆ ಹೋಗಿದೆ ಅನ್ನುವುದು ಸಂಜೆ ಹೊತ್ತಿಗೆ ಯಾರಿಗೂ ನೆನಪಿರುವುದಿಲ್ಲ.

ಕನ್ನಡಿ, ಹ್ಯಾಂಡಲ್ ಮೇಲಿನ ಮುಂದಿನ ಹಿಂದಿನ ಕವರ್, ಅಗತ್ಯ ಬಿದ್ದರೆ ಮುಂದಿನ ಪ್ಯಾನೆಲ್. ಪ್ಲಾಸ್ಟಿಕ್ ಎಳೆದರೂ ಬರುತ್ತಿಲ್ಲ ಅಂದರೆ ಎಲ್ಲೋ ಒಂದು ಸ್ಕ್ರೂ ಉಳಿದಿದೆ ಅಂತ ಅರ್ಥ, ಬಲ ಹಾಕಬೇಡಿ.

ಮುಂದಿನ ಚಕ್ರ ತೆಗೆಯಿರಿ. ಡ್ರಮ್ ಬ್ರೇಕ್ ಆದರೆ ಬ್ರೇಕ್ ಕೇಬಲ್, ಸ್ಪೀಡೋಮೀಟರ್ ಕೇಬಲ್ ಬಿಚ್ಚಬೇಕು. ಡಿಸ್ಕ್ ಬ್ರೇಕ್ ಆದರೆ ಕ್ಯಾಲಿಪರ್, ಅಂದರೆ ಡಿಸ್ಕನ್ನು ಕಚ್ಚಿ ಹಿಡಿಯುವ ಭಾಗ, ಅದನ್ನು ಪೈಪ್ ಸಮೇತ ಫೋರ್ಕಿನಿಂದ ಬಿಡಿಸಿ ತಂತಿ ಕಟ್ಟಿ ಚಾಸಿಗೆ ನೇತುಹಾಕಿ. ಬರೀ ಪೈಪಿನ ಮೇಲೆ ಜೋತಾಡಲು ಬಿಡಬೇಡಿ. ಪ್ಯಾಡ್‌ಗಳ ನಡುವೆ ರಟ್ಟಿನ ತುಂಡು ಇಡಿ. ಡಿಸ್ಕ್ ಇಲ್ಲದಾಗ ಯಾರಾದರೂ ಬ್ರೇಕ್ ಲಿವರ್ ಒತ್ತಿದರೆ ಪ್ಯಾಡ್ ಹೊರಗೆ ಬಂದು ಕೂತುಬಿಡುತ್ತದೆ. ಮನೆಯಲ್ಲಿ ಮಕ್ಕಳಿದ್ದರೆ ಇದು ಖಂಡಿತ ಆಗುತ್ತದೆ.

ಈಗ ಹ್ಯಾಂಡಲ್. ಇದರ ಬೋಲ್ಟ್ ಹೆಚ್ಚಿನ ಸ್ಕೂಟರ್‌ಗಳಲ್ಲಿ ಫೋರ್ಕ್ ಪೈಪಿನ ಕಚ್ಚಿನ ಮೂಲಕ ಅಡ್ಡ ಹಾಯುತ್ತದೆ. ಸಡಿಲ ಮಾಡಿದರೆ ಸಾಲದು, ಬೋಲ್ಟನ್ನು ಪೂರ್ತಿ ಹೊರಗೆ ತೆಗೆಯಬೇಕು. ಎಷ್ಟೋ ಜನ ಇಲ್ಲೇ ಹ್ಯಾಂಡಲ್ ಬಡಿದು ಬಡಿದು ಸುಸ್ತಾಗುತ್ತಾರೆ. ಹ್ಯಾಂಡಲ್ ಮೇಲಕ್ಕೆ ಎತ್ತಿ, ಕೇಬಲ್ ವೈರ್ ಎಳೆಯದ ಹಾಗೆ ಬಟ್ಟೆ ಹಾಸಿ ಹಿಂದಕ್ಕೆ ಮಲಗಿಸಿ.

3. ಫೋರ್ಕ್ ಇಳಿಸುವುದು

ಕೆಳಗೆ ತಟ್ಟೆ ಇಡಿ, ಸುತ್ತ ಹಳೆ ಬೆಡ್‌ಶೀಟ್ ಹಾಸಿ. ಸಿ ಸ್ಪ್ಯಾನರ್ ಹಾಕಿ ಚೆಕ್ ನಟ್ ಬಿಚ್ಚಿ. ಅದರ ಕೆಳಗೆ ವಾಷರ್ ಇದ್ದರೆ ಯಾವ ಮುಖ ಮೇಲಿತ್ತು ನೋಡಿಟ್ಟುಕೊಳ್ಳಿ. ಇನ್ನು ಮುಂದೆ ಒಬ್ಬರು ಫೋರ್ಕ್ ಅನ್ನು ಕೆಳಗಿನಿಂದ ಎತ್ತಿ ಹಿಡಿದೇ ಇರಬೇಕು, ಯಾಕೆಂದರೆ ಮೇಲಿನ ಕೋನ್ ಬಿಚ್ಚಿದ ಕ್ಷಣ ಅದಕ್ಕೆ ಬೇರೆ ಆಧಾರ ಇಲ್ಲ. ಕೋನ್ ತೆಗೆದು ಮೇಲಿನ ಗುಂಡುಗಳನ್ನು ಎತ್ತಿಕೊಳ್ಳಿ. ಆಮೇಲೆ ಫೋರ್ಕ್ ನಿಧಾನ ಇಳಿಸಿ. ಕೆಳಗಿನ ಗುಂಡುಗಳು ಉದುರುತ್ತವೆ.

ಮೇಲಿನವು ಎಷ್ಟು, ಕೆಳಗಿನವು ಎಷ್ಟು, ಎಣಿಸಿ ಬೇರೆ ಬೇರೆ ಬಟ್ಟಲಲ್ಲಿ ಹಾಕಿ. ಕೆಲವು ಗಾಡಿಗಳಲ್ಲಿ ಮೇಲಿನ ಗುಂಡು ಒಂದು ಅಳತೆ, ಕೆಳಗಿನದು ಇನ್ನೊಂದು.

4. ತೊಳೆದು ನೋಡುವುದು

ಎಲ್ಲವನ್ನೂ ಸೀಮೆಎಣ್ಣೆಯಲ್ಲಿ ತೊಳೆದು ಒರೆಸಿ. ಆ ಕೊಳಕು ಎಣ್ಣೆಯನ್ನು ಚರಂಡಿಗೆ ಚೆಲ್ಲದೆ ಡಬ್ಬಿಗೆ ತುಂಬಿ ಹತ್ತಿರದ ಗ್ಯಾರೇಜಿಗೆ ಕೊಡಿ, ವೇಸ್ಟ್ ಆಯಿಲ್ ಜೊತೆ ಸೇರಿಸಿಕೊಳ್ಳುತ್ತಾರೆ.

ಕೆಳಗಿನ ಕೋನ್ ಬೆಳಕಿಗೆ ಹಿಡಿದು ನೋಡಿ. ಗುಂಡು ಓಡಾಡುವ ಹೊಳೆಯುವ ಪಟ್ಟಿಯ ಮೇಲೆ ಒಂದೇ ಅಂತರದಲ್ಲಿ ಸಣ್ಣ ಸಣ್ಣ ಮಬ್ಬು ಚುಕ್ಕೆ ಕಾಣುತ್ತವೆ, ಗೊಂಬೆ ಮನೆಗೆ ಮಾಡಿದ ಇಡ್ಲಿ ತಟ್ಟೆಯ ಕುಳಿಗಳ ಹಾಗೆ. ಉಗುರು ಎಳೆಯಿರಿ. ಉಗುರು ಟಿಕ್ ಟಿಕ್ ಅಂತ ಎಡವಿದರೆ ಅದೇ ಕುಳಿ. ಹಾಗಿದ್ದರೆ ಕಪ್, ಕೋನ್, ಗುಂಡು ಎಲ್ಲವನ್ನೂ ಒಟ್ಟಿಗೇ ಬದಲಿಸಿ. ದುಡ್ಡು ಉಳಿಸಲು ಹಳೆ ಕಪ್ಪಿಗೆ ಹೊಸ ಗುಂಡು ಹಾಕುವುದು ಬೇಡ, ಹೊಸ ಗುಂಡೂ ಹಳೆ ಕುಳಿಗೇ ಇಳಿಯುತ್ತದೆ.

ಫೋರ್ಕ್ ಪೈಪ್ ಬಾಗಿದೆಯಾ, ಥ್ರೆಡ್ ತಿಂದಿದೆಯಾ, ಬೆಸುಗೆ ಹತ್ತಿರ ಬಿರುಕು ಇದೆಯಾ ಅಂತಲೂ ಈಗಲೇ ನೋಡಿ. ಬಿರುಕು ಇದ್ದರೆ ಫೋರ್ಕೇ ಬದಲಾಗಬೇಕು.

5. ಹಳೆಯದನ್ನು ಹೊಡೆದು ತೆಗೆಯುವುದು

ಮೇಲಿನ ಕಪ್ ತೆಗೆಯಲು ರಾಡನ್ನು ಹೆಡ್ ಪೈಪಿನ ಕೆಳಗಿನಿಂದ ತೂರಿಸಿ. ಒಳಗೆ ಕಪ್ಪಿನ ಅಂಚು ರಾಡಿಗೆ ತಾಗುತ್ತದೆ. ಒಂದು ಏಟು ಎಡಕ್ಕೆ, ಒಂದು ಬಲಕ್ಕೆ, ಒಂದು ಮುಂದೆ, ಒಂದು ಹಿಂದೆ, ಹೀಗೆ ಸುತ್ತಲೂ ಬಡಿಯುತ್ತಾ ಬನ್ನಿ. ಒಂದೇ ಕಡೆ ಬಡಿದರೆ ಕಪ್ ಓರೆಯಾಗಿ ಕಚ್ಚಿಕೊಂಡು ಹೆಡ್ ಪೈಪನ್ನೇ ಅಗಲ ಮಾಡುತ್ತದೆ. ಹಾಗಾದರೆ ಹೊಸ ಕಪ್ ಯಾವತ್ತೂ ಬಿಗಿಯಾಗಿ ಕೂರುವುದಿಲ್ಲ. ಕೆಳಗಿನದ್ದಕ್ಕೂ ಇದೇ ರೀತಿ, ಮೇಲಿನಿಂದ.

ಫೋರ್ಕ್ ಬುಡದ ಕೋನ್ ಹಟಮಾರಿ. ಅದರ ಅಂಚಿನ ಕೆಳಗೆ ಉಳಿ ಇಟ್ಟು ಎರಡೂ ಕಡೆ ಬದಲಿಸಿ ಬದಲಿಸಿ ಬಡಿದರೆ ಮೆಲ್ಲಗೆ ಮೇಲೇಳುತ್ತದೆ. ಉಳಿ ಫೋರ್ಕ್ ಪೈಪಿಗೆ ತಾಗಿ ಗೀರಬಾರದು. ಹತ್ತು ನಿಮಿಷ ಬಡಿದರೂ ಅಲ್ಲಾಡದಿದ್ದರೆ, ಫೋರ್ಕ್ ಮತ್ತು ಹೊಸ ಕೋನ್, ಹೊಸ ಸೀಲ್ ಮೂರನ್ನೂ ತಗೊಂಡು ಲೇತ್ ಅಂಗಡಿಗೆ ಹೋಗಿ. ಅವರು ಹಳೆಯದನ್ನು ತೆಗೆದು ಹೊಸದನ್ನು ಕೂರಿಸಿ ಕೊಡುತ್ತಾರೆ. ಇದೊಂದು ಹಂತವನ್ನು ಹೊರಗೆ ಮಾಡಿಸಿದರೆ ಏನೂ ಕಡಿಮೆ ಆಗುವುದಿಲ್ಲ.

ಬೆಂಕಿ ಹಚ್ಚಿ ಕಾಯಿಸುವುದು ಬೇಡವೇ ಬೇಡ. ಪಕ್ಕದಲ್ಲೇ ವೈರಿಂಗ್, ಪೇಂಟ್, ಪ್ಲಾಸ್ಟಿಕ್ ಇದೆ, ಹತ್ತಿರದಲ್ಲೇ ಪೆಟ್ರೋಲ್ ಕೂಡ.

6. ಹೊಸದನ್ನು ಕೂರಿಸುವುದು

ಹೊಸ ಕಪ್‌ಗಳನ್ನು ಹಿಂದಿನ ರಾತ್ರಿಯೇ ಪ್ಲಾಸ್ಟಿಕ್ ಕವರಿನಲ್ಲಿ ಸುತ್ತಿ ಫ್ರೀಜರ್‌ನಲ್ಲಿ ಇಟ್ಟಿದ್ದರೆ ಒಳ್ಳೆಯದು. ತಣ್ಣಗಾದ ಲೋಹ ಕೂದಲೆಳೆಯಷ್ಟು ಕುಗ್ಗುತ್ತದೆ, ಅಷ್ಟೇ ಸಾಕು. ಹೆಡ್ ಪೈಪಿನ ಒಳ ಅಂಚಿನ ತುಕ್ಕು, ಮುಳ್ಳು ಉಜ್ಜಿ ತೆಗೆದು ಸ್ವಲ್ಪ ಎಣ್ಣೆ ಸವರಿ. ಕಪ್ ನೇರ ಇಟ್ಟು, ಅದರ ಮೇಲೆ ಹಳೆ ಕಪ್ಪನ್ನು ಅಂಚಿಗೆ ಅಂಚು ತಾಗುವಂತೆ ಬೋರಲು ಇಟ್ಟು, ಅದರ ಮೇಲೆ ಮರದ ತುಂಡು ಇಟ್ಟು ಬಡಿಯಿರಿ. ಗುಂಡು ಓಡಾಡುವ ಪಟ್ಟಿಯ ಮೇಲೆ ಒಂದೇ ಒಂದು ಏಟೂ ಬೀಳಬಾರದು. ಉದ್ದನೆಯ ಥ್ರೆಡ್ ರಾಡು, ಎರಡು ದಪ್ಪ ವಾಷರ್, ಎರಡು ನಟ್ ಸಿಕ್ಕಿದರೆ ಇನ್ನೂ ವಾಸಿ. ಮೇಲೊಂದು ಕೆಳಗೊಂದು ವಾಷರ್ ಹಾಕಿ ನಟ್ ಬಿಗಿ ಮಾಡುತ್ತಾ ಹೋದರೆ ಕಪ್ ಏಟಿಲ್ಲದೆ ನೇರವಾಗಿ ಒಳಗೆ ಹೋಗುತ್ತದೆ.

ಕಪ್ ತಳ ಮುಟ್ಟಿದ್ದು ಕಿವಿಗೆ ಗೊತ್ತಾಗುತ್ತದೆ. ಅಲ್ಲಿಯ ತನಕ ಪೊಳ್ಳು ಸದ್ದು, ತಳ ಮುಟ್ಟಿದ ಮೇಲೆ ಗಟ್ಟಿ ಸದ್ದು. ಆಮೇಲೂ ಸುತ್ತ ಬೆಳಕು ಬಿಟ್ಟು ನೋಡಿ, ಕಪ್ಪಿನ ಅಂಚಿಗೂ ಪೈಪಿಗೂ ನಡುವೆ ಎಲ್ಲೂ ಸಂದಿ ಕಾಣಬಾರದು. ಎರಡು ತಿಂಗಳಲ್ಲಿ ಮತ್ತೆ ಸದ್ದು ಬರುವುದಕ್ಕೆ ಮೊದಲ ಕಾರಣ ಇದೇ. ಅರೆಬರೆ ಕೂತ ಕಪ್ ಓಡಾಡುತ್ತಾ ಓಡಾಡುತ್ತಾ ಒಳಗೆ ಇಳಿಯುತ್ತದೆ, ಇಳಿದಷ್ಟೂ ಹ್ಯಾಂಡಲ್ ಸಡಿಲ.

ಫೋರ್ಕ್ ಬುಡಕ್ಕೆ ಮೊದಲು ಡಸ್ಟ್ ಸೀಲ್, ಆಮೇಲೆ ಕೋನ್. ನಾನು ಮೊದಲ ಸಲ ಮಾಡಿದಾಗ ಸೀಲ್ ಮರೆತು ಕೋನ್ ಬಡಿದುಬಿಟ್ಟಿದ್ದೆ, ಹೊಸ ಕೋನನ್ನೇ ಉಳಿ ಹಾಕಿ ಎಬ್ಬಿಸಬೇಕಾಯಿತು, ಅದು ಹಾಳಾಗಿ ಇನ್ನೊಂದು ಸೆಟ್ ತಂದೆ. ಹಾಗಾಗಿ ಸೀಲ್ ಹಾಕಿದ್ದೀರಾ ಅಂತ ಇನ್ನೊಮ್ಮೆ ನೋಡಿ. ಜಿಐ ಪೈಪನ್ನು ಮೇಲಿನಿಂದ ಇಳಿಸಿ, ಅದು ಕೋನ್‌ನ ಒಳ ಅಂಚಿಗೆ ಮಾತ್ರ ತಾಗುವಂತೆ ಇಟ್ಟು ಬಡಿಯಿರಿ.

ಈಗ ಗ್ರೀಸ್. ಜಿಪುಣತನ ಬೇಡ. ಕಪ್‌ಗಳಿಗೆ, ಕೋನ್‌ಗಳಿಗೆ ದಪ್ಪಗೆ ಬಳಿಯಿರಿ. ಮೇಲಿನ ಕಪ್ಪಿನಲ್ಲೂ ಫೋರ್ಕ್ ಬುಡದ ಕೋನ್ ಮೇಲೂ ಗುಂಡುಗಳನ್ನು ಒಂದೊಂದಾಗಿ ಗ್ರೀಸಿಗೆ ಒತ್ತಿ ಸಾಲಾಗಿ ಕೂರಿಸಿ, ಅಲ್ಲೇ ಅಂಟಿ ನಿಲ್ಲುತ್ತವೆ. ಎಣಿಕೆ ಹಳೆಯದರಷ್ಟೇ ಇರಲಿ. ಎಲ್ಲ ಕೂರಿಸಿದ ಮೇಲೆ ಒಂದು ಗುಂಡಿಗಿಂತ ಕಡಿಮೆ ಜಾಗ ಉಳಿಯುವುದು ಸರಿ. ಜಾಗ ಇದೆ ಅಂತ ಇನ್ನೊಂದನ್ನು ತುರುಕಬೇಡಿ, ಗುಂಡುಗಳು ಒಂದಕ್ಕೊಂದು ಉಜ್ಜಿ ತಿರುಗದೆ ನಿಲ್ಲುತ್ತವೆ. ಗುಂಡುಗಳು ಬಳೆಯಂಥ ಪಂಜರದೊಳಗೆ ಬಂದಿದ್ದರೆ ಯಾವ ಮುಖ ಮೇಲೆ ಅನ್ನುವುದು ಮುಖ್ಯ. ಕೋನ್ ಇಟ್ಟು ಕೈಯಲ್ಲೇ ತಿರುಗಿಸಿ ನೋಡಿ. ಸರಿ ಇದ್ದರೆ ನುಣ್ಣಗೆ ತಿರುಗುತ್ತದೆ, ತಿರುವುಮುರುವಾಗಿದ್ದರೆ ತಗಡು ಕೆರೆಯುವ ಸದ್ದು ಬರುತ್ತದೆ.

ಗ್ರೀಸ್ ಕೈಯಲ್ಲಿ ಬ್ರೇಕ್ ಡ್ರಮ್ ಆಗಲಿ ಡಿಸ್ಕ್ ಆಗಲಿ ಮುಟ್ಟಬೇಡಿ.

7. ಬಿಗಿ ಹೊಂದಿಸುವುದು

ಇದೇ ಮುಖ್ಯ ಹಂತ. ಫೋರ್ಕ್ ಅನ್ನು ಗುಂಡು ಉದುರದಂತೆ ನೇರವಾಗಿ ಮೇಲಕ್ಕೆ ತೂರಿಸಿ, ಒಬ್ಬರು ಎತ್ತಿ ಹಿಡಿದಿರಲಿ. ಮೇಲಿನ ಕೋನ್ ಅನ್ನು ಬರೀ ಕೈಯಲ್ಲಿ ತಿರುಗಿಸಿ ಕೂರಿಸಿ. ಥ್ರೆಡ್ ಓರೆ ಹತ್ತಿದರೆ ಬಿಚ್ಚಿ ಮತ್ತೆ ಹಚ್ಚಿ, ಸ್ಪ್ಯಾನರ್ ಬಲ ಹಾಕಬೇಡಿ.

ಈಗ ಸಿ ಸ್ಪ್ಯಾನರ್ ಹಾಕಿ ಬೇಕಂತಲೇ ಸ್ವಲ್ಪ ಜಾಸ್ತಿ ಬಿಗಿ ಮಾಡಿ. ಫೋರ್ಕ್ ಎಡತುದಿಯಿಂದ ಬಲತುದಿಗೆ ಐದಾರು ಸಲ ತಿರುಗಿಸಿ. ಗುಂಡುಗಳು ಗ್ರೀಸನ್ನು ಪಕ್ಕಕ್ಕೆ ತಳ್ಳಿ ಉಕ್ಕಿಗೆ ಉಕ್ಕು ತಾಗಿ ಕೂರುವುದು ಆಗಲೇ. ಈ ಐದಾರು ಸುತ್ತನ್ನು ಬಿಟ್ಟವರಿಗೆ, ಇಂದು ಹದವಾಗಿ ಕಂಡ ಬಿಗಿ ನಾಳೆ ಸಡಿಲ ಆಗಿರುತ್ತದೆ.

ಆಮೇಲೆ ಕೋನ್ ಪೂರ್ತಿ ಸಡಿಲಿಸಿ. ಮತ್ತೆ ಕೈಯಲ್ಲಿ ತಿರುಗುವಷ್ಟು ಮಾತ್ರ ಬಿಗಿ ಮಾಡಿ. ಇಲ್ಲಿಂದ ಮುಂದೆ ಸ್ಪ್ಯಾನರಿನಲ್ಲಿ ಸ್ವಲ್ಪ ಸ್ವಲ್ಪ. ಗಡಿಯಾರದ ದೊಡ್ಡ ಮುಳ್ಳು ಎರಡು ಮೂರು ನಿಮಿಷದಲ್ಲಿ ಎಷ್ಟು ಸರಿಯುತ್ತದೋ ಒಂದು ಸಲಕ್ಕೆ ಅಷ್ಟೇ. ಪ್ರತಿ ಸಲ ಫೋರ್ಕ್ ತುದಿ ಹಿಡಿದು ಹಿಂದೆ ಮುಂದೆ ಅಲುಗಿಸಿ. ಅಲುಗಾಟ ಪೂರ್ತಿ ನಿಂತಿತಾ? ಅಲ್ಲೇ ನಿಲ್ಲಿಸಿ. ಇನ್ನೂ ಒಂದು ಚೂರು ಇರಲಿ ಅಂತ ಬಿಗಿ ಮಾಡಬೇಡಿ. ನಿಮ್ಮ ಗಾಡಿಯ ಸರ್ವಿಸ್ ಪುಸ್ತಕದಲ್ಲಿ ಟಾರ್ಕ್ ಕೊಟ್ಟಿದ್ದು, ಟಾರ್ಕ್ ರೆಂಚ್ ಕೂಡ ಇದ್ದರೆ ಆ ಲೆಕ್ಕವನ್ನೇ ಪಾಲಿಸಿ. ಟಾರ್ಕ್ ಅಂದರೆ ಎಷ್ಟು ಬಲದಲ್ಲಿ ತಿರುಗಿಸಬೇಕು ಅನ್ನುವ ಅಳತೆ.

ಇನ್ನು ಚೆಕ್ ನಟ್. ಹೆಚ್ಚಿನವರು ಎಡವುವುದು ಇಲ್ಲಿ. ಚೆಕ್ ನಟ್ ಬಿಗಿ ಮಾಡುವಾಗ ಮೇಲಿನ ಕೋನ್ ಕೂಡ ಅದರ ಜೊತೆ ತಿರುಗುತ್ತದೆ, ನಿಮಗೆ ಗೊತ್ತೇ ಆಗುವುದಿಲ್ಲ. ಹಾಗಾಗಿ ಮೊದಲೇ ಮಾರ್ಕರ್‌ನಲ್ಲಿ ಕೋನ್ ಮೇಲಿನಿಂದ ಹೆಡ್ ಪೈಪಿನ ತನಕ ಒಂದು ಗೆರೆ ಎಳೆಯಿರಿ. ಒಂದು ಕೈಯಲ್ಲಿ ಸಿ ಸ್ಪ್ಯಾನರ್ ಹಾಕಿ ಕೋನ್ ಹಿಡಿದುಕೊಂಡು, ಇನ್ನೊಂದರಲ್ಲಿ ಚೆಕ್ ನಟ್ ಬಿಗಿ ಮಾಡಿ. ಗೆರೆ ಮುರಿದರೆ ಕೋನ್ ಸರಿದಿದೆ, ಬಿಚ್ಚಿ ಮತ್ತೆ ಮಾಡಿ. ಗೆರೆ ಸರಿಯಾಗೇ ಇದ್ದರೂ ಬಿಗಿ ಸ್ವಲ್ಪ ಬದಲಾಗಿರುತ್ತದೆ, ಯಾಕೆಂದರೆ ಚೆಕ್ ನಟ್ ಒತ್ತಿದಾಗ ಕೋನ್ ತನ್ನ ಥ್ರೆಡ್‌ನೊಳಗಿನ ಸಡಿಲವನ್ನು ಕಳೆದುಕೊಂಡು ಕೆಳಗೆ ಒತ್ತುತ್ತದೆ. ಅದಕ್ಕೇ ಅಂತಿಮ ಪರೀಕ್ಷೆ ಯಾವಾಗಲೂ ಚೆಕ್ ನಟ್ ಬಿಗಿಯಾದ ಮೇಲೆಯೇ. ಎರಡು ಮೂರು ಸಲ ಬಿಚ್ಚಿ ಹಾಕಬೇಕಾಗುತ್ತದೆ, ಅದು ಮಾಮೂಲು, ಕೈ ತಪ್ಪಿತು ಅಂದುಕೊಳ್ಳಬೇಡಿ.

ಪರೀಕ್ಷೆ ಹೀಗೆ. ಫೋರ್ಕ್ ನೇರಕ್ಕೆ ತಂದು ಬಿಡಿ, ಒಂದು ಬೆರಳಲ್ಲಿ ಎಡಕ್ಕೆ ಮುಟ್ಟಿ. ಅದು ತನ್ನ ಭಾರಕ್ಕೆ ತಾನೇ ಎಡಕ್ಕೆ ಬೀಳಬೇಕು. ಬಲಕ್ಕೂ ಹಾಗೇ. ನಡುವೆ ಎಲ್ಲೂ ತಡೆಯಬಾರದು. ಮುಟ್ಟಿದಲ್ಲೇ ನಿಂತರೆ ಬಿಗಿ ಜಾಸ್ತಿ. ಚೆನ್ನಾಗಿ ಬಿದ್ದರೂ ಹಿಂದೆ ಮುಂದೆ ಅಲುಗಿದರೆ ಸಡಿಲ.

ಬಿಗಿ ಜಾಸ್ತಿ ಆದರೆ ಏನಾಯಿತು, ಸಡಿಲ ಆಗುವುದಕ್ಕಿಂತ ಒಳ್ಳೆಯದಲ್ವಾ ಅಂತ ಕೇಳುತ್ತೀರಿ. ಅಲ್ಲ. ಸ್ಕೂಟರ್ ನಿಧಾನ ಹೋಗುವಾಗ ಹ್ಯಾಂಡಲ್ ತಾನಾಗಿ ಸಣ್ಣಗೆ ತಿದ್ದಿಕೊಳ್ಳುತ್ತಾ ಇರುತ್ತದೆ, ಅದರಿಂದಲೇ ಗಾಡಿ ನೇರ ನಿಲ್ಲುವುದು. ಬಿಗಿ ಹ್ಯಾಂಡಲ್‌ಗೆ ಅದು ಆಗುವುದಿಲ್ಲ, ಟ್ರಾಫಿಕ್‌ನಲ್ಲಿ ಗಾಡಿ ಕುಡಿದವರ ಹಾಗೆ ವಾಲಾಡುತ್ತದೆ. ಜೊತೆಗೆ ಗುಂಡುಗಳು ಉಕ್ಕಿಗೆ ಒತ್ತಿಕೊಂಡೇ ಇರುವುದರಿಂದ ಪ್ರತಿ ಏಟಿಗೂ ಕುಳಿ ಬೇಗ ಬೀಳುತ್ತದೆ. ಎರಡು ತಿಂಗಳ ಪ್ರಶ್ನೆಗೆ ಎರಡನೆಯ ಉತ್ತರ ಇದು.

8. ಮತ್ತೆ ಜೋಡಿಸುವುದು

ಬಿಚ್ಚಿದ್ದರ ಉಲ್ಟಾ. ಮೂರು ಜಾಗದಲ್ಲಿ ಮಾತ್ರ ನಿಂತು ನೋಡಿ.

ಹ್ಯಾಂಡಲ್ ಬೋಲ್ಟ್ ಫೋರ್ಕ್ ಪೈಪಿನ ಕಚ್ಚಿನೊಳಗೇ ಹಾಯ್ದು ಬಿಗಿಯಾಗಬೇಕು. ಇದು ಸಡಿಲ ಉಳಿದರೆ ಹ್ಯಾಂಡಲ್ ತಿರುಗಿದರೂ ಚಕ್ರ ತಿರುಗದೇ ಇರಬಹುದು.

ಡ್ರಮ್ ಬ್ರೇಕ್ ಗಾಡಿಯಲ್ಲಿ ಚಕ್ರ ಹಾಕುವಾಗ ಬ್ರೇಕ್ ಪ್ಲೇಟಿನ ಕಚ್ಚು ಫೋರ್ಕ್ ಕಡೆಯ ಗೂಟಕ್ಕೆ ಸರಿಯಾಗಿ ಕೂತಿರಬೇಕು. ಕೂರದಿದ್ದರೆ ಬ್ರೇಕ್ ಹಿಡಿದ ಕೂಡಲೇ ಪ್ಲೇಟ್ ಚಕ್ರದ ಜೊತೆ ಸುತ್ತಿ ಕೇಬಲ್ ಕಿತ್ತು ಚಕ್ರ ಲಾಕ್ ಆಗುತ್ತದೆ. ಜೀವಕ್ಕೆ ಅಪಾಯ ಇರುವುದು ಇಲ್ಲಿ. ಡಿಸ್ಕ್ ಗಾಡಿಯಾದರೆ ರಟ್ಟು ತೆಗೆದು ಕ್ಯಾಲಿಪರ್ ಬೋಲ್ಟ್ ಬಿಗಿ ಮಾಡಿ, ಲಿವರ್ ಗಟ್ಟಿಯಾಗುವ ತನಕ ಒತ್ತಿ ಒತ್ತಿ ಬಿಡಿ.

ಕೇಬಲ್‌ಗಳು ಫೋಟೊದಲ್ಲಿ ಇದ್ದ ದಾರಿಯಲ್ಲೇ ಹೋಗಲಿ. ಬ್ಯಾಟರಿ ಜೋಡಿಸಿ, ದಿಮ್ಮಿ ತೆಗೆದು ಮೇನ್ ಸ್ಟ್ಯಾಂಡ್ ಮೇಲೆ ನಿಲ್ಲಿಸಿ. ಬಯಲಲ್ಲಿ, ಹಿಂದಿನ ಚಕ್ರ ನೆಲ ಬಿಟ್ಟಿರುವಾಗ, ಹಿಂದಿನ ಬ್ರೇಕ್ ಹಿಡಿದು ಎಂಜಿನ್ ಸ್ಟಾರ್ಟ್ ಮಾಡಿ. ಆ್ಯಕ್ಸಿಲರೇಟರ್ ಮುಟ್ಟದೆ ಹ್ಯಾಂಡಲ್ ಎರಡೂ ತುದಿಗೆ ತಿರುಗಿಸಿ. ಎಂಜಿನ್ ಸದ್ದು ಏರಿದರೆ ಆ್ಯಕ್ಸಿಲರೇಟರ್ ಕೇಬಲ್ ಎಲ್ಲೋ ಎಳೆದುಕೊಳ್ಳುತ್ತಿದೆ, ಬಿಚ್ಚಿ ದಾರಿ ಸರಿಪಡಿಸಿ. ಹೀಗೆ ಬಿಟ್ಟರೆ ತಿರುವಿನಲ್ಲಿ ಗಾಡಿ ತಾನೇ ಮುಂದಕ್ಕೆ ಜಿಗಿಯುತ್ತದೆ. ಹಾರ್ನ್, ಹೆಡ್‌ಲೈಟ್, ಇಂಡಿಕೇಟರ್, ಬ್ರೇಕ್ ಲೈಟ್ ಎಲ್ಲ ಒಮ್ಮೆ ನೋಡಿ.

9. ಓಡಿಸಿ ನೋಡುವುದು

ಖಾಲಿ ಮೈದಾನ ಅಥವಾ ವಾಹನ ಓಡಾಡದ ರಸ್ತೆ. ಹೆಲ್ಮೆಟ್ ಹಾಕಿಕೊಳ್ಳಿ. ಮೊದಲು ನಡೆದಾಡುವ ವೇಗ, ಆಮೇಲೆ ಗಂಟೆಗೆ 20 ಕಿ.ಮೀ. ಮುಂದಿನ ಬ್ರೇಕ್ ಮೆಲ್ಲಗೆ, ನಂತರ ಸ್ವಲ್ಪ ಜೋರಾಗಿ. ನಡುಕ, ಟಕ್ ಸದ್ದು, ಎಳೆತ ಯಾವುದೂ ಇರಬಾರದು. ನಿಧಾನ ವೇಗದಲ್ಲಿ ಹಾವಿನಂತೆ ಎಡಬಲ ತಿರುಗಿಸಿ, ಹ್ಯಾಂಡಲ್ ಕೈಗೆ ಭಾರ ಅನ್ನಿಸಿದರೆ ಮತ್ತೆ 7ನೇ ಹಂತ.

10. 200 ಕಿ.ಮೀ. ಆದ ಮೇಲೆ

ಹೊಸ ಕಪ್, ಕೋನ್, ಗುಂಡುಗಳು ಮೊದಮೊದಲ ಏಟುಗಳಿಗೆ ಇನ್ನಷ್ಟು ಕೂರುತ್ತವೆ, ಸ್ವಲ್ಪ ಸಡಿಲ ಬರುವುದು ಸಹಜ. ಅದನ್ನು ಆಗಲೇ ತೆಗೆದುಹಾಕದಿದ್ದರೆ ಆ ಸಡಿಲದಲ್ಲೇ ಕುಣಿದು ಕುಣಿದು ಹೊಸ ಸೆಟ್ ಹಾಳಾಗುತ್ತದೆ. ಎರಡು ತಿಂಗಳ ಪ್ರಶ್ನೆಗೆ ಮೂರನೆಯ ಉತ್ತರ, ನನ್ನ ಪ್ರಕಾರ ಅತಿ ದೊಡ್ಡದು, ಇದೇ. ಗ್ಯಾರೇಜಿನಲ್ಲಿ ಹಾಕಿಸಿದವರು ಯಾರೂ ಇದಕ್ಕಾಗಿ ವಾಪಸ್ ಹೋಗುವುದಿಲ್ಲ, ಹೋಗಬೇಕು ಅಂತ ಯಾರೂ ಹೇಳಿರುವುದೂ ಇಲ್ಲ. ಮುಂದಿನ ಚಕ್ರ ಎತ್ತಿ ಎಳೆದು ತಳ್ಳಿ ನೋಡಿ. ಅಲುಗಾಟ ಇದ್ದರೆ ಚೆಕ್ ನಟ್ ಸಡಿಲಿಸಿ, ಕೋನ್ ಒಂದು ಚೂರು ತಿರುಗಿಸಿ, ಮತ್ತೆ ಚೆಕ್ ನಟ್. ಈ ಸಲ ಫೋರ್ಕ್ ಇಳಿಸುವ ಕೆಲಸ ಇಲ್ಲ.

ಆಮೇಲೆ ಪ್ರತಿ ಸರ್ವಿಸ್‌ಗೂ, ಮಳೆಗಾಲ ಮುಗಿದ ಮೇಲೂ ಒಮ್ಮೆ ಅಲುಗಿಸಿ ನೋಡಿ. ವಾಟರ್ ಸರ್ವಿಸ್ ಮಾಡಿಸುವಾಗ ಹ್ಯಾಂಡಲ್ ಕೆಳಗಿನ ಸಂದಿಗೆ, ಮಡ್‌ಗಾರ್ಡ್ ಒಳಗಿನಿಂದ ಮೇಲಕ್ಕೆ ಪಂಪ್ ಹಿಡಿಯಬೇಡಿ ಅಂತ ಹೇಳಿ. ಆ ರಭಸದ ನೀರು ಸೀಲ್ ದಾಟಿ ಒಳಗೆ ಹೋಗಿ ಗ್ರೀಸನ್ನು ತೊಳೆದುಬಿಡುತ್ತದೆ. ಇಂದಿನ ಓಡೋಮೀಟರ್ ಸಂಖ್ಯೆಯನ್ನು ಒಂದು ಚೀಟಿಯಲ್ಲಿ ಬರೆದು ಸೀಟಿನ ಕೆಳಗೆ ಅಂಟಿಸಿ, ಪಕ್ಕದಲ್ಲೇ 200 ಕೂಡಿಸಿದ ಸಂಖ್ಯೆಯನ್ನೂ ಬರೆಯಿರಿ. ಸೀಟ್ ಎತ್ತಿದಾಗಲೆಲ್ಲ ಕಣ್ಣಿಗೆ ಬೀಳುತ್ತದೆ.